ಆಟ ಮುಗಿದ ಮೇಲೆ ಮನೆ ಸೇರುವ ಬಗೆ

(ಸಂಘದ ಮಾಸಿಕ ಕೂಟದಲ್ಲಿ ಮಾಡಿದ ಭಾಷಣ)



ಕಾರ್ಯಕಾರೀ ಸಮಿತಿಯವರು ನನ್ನನ್ನು ಮಾತಿಗೆ ಕರೆದಾಗ, ಬ್ಯಾಂಕಿನ ಗುಮಾಸ್ತನಾದ ಇವನು ಠೇವಣಿ ಬಡ್ಡಿಗಳ ವಿಷಯವಾಗಿ ನಾಲ್ಕು ಉಪಯುಕ್ತ ಮಾತುಗಳನ್ನಾಡುವನೆಂದು ಎಣಿಸಿದ್ದಿರಬೇಕು. ಆ ಮಾತುಗಳನ್ನು ನಾನು ದಿನವೂ ಹತ್ತರಿಂದ ಐದರ ತನಕ ಕಿಟಿಕಿಯ ಹಿಂದೆ ಕುಳಿತು ಆಡುತ್ತಿರುವುದರಿಂದ, ಸಂಜೆಯ ಹೊತ್ತಿಗೆ ಅವುಗಳಲ್ಲಿ ನನಗೇ ರುಚಿ ಉಳಿದಿರುವುದಿಲ್ಲ. ಸಾಹಿತ್ಯದ ಮೇಲೆ ಮಾತನಾಡುವೆನೆಂದರೆ ನಾನು ಓದಿದ್ದು ಬಿ.ಕಾಂ. ಆದ್ದರಿಂದ ನನಗೆ ನಿಜವಾಗಿ ತಿಳಿದಿರುವ ಒಂದು ಸಣ್ಣ ವಿಷಯವನ್ನು ಆರಿಸಿಕೊಂಡಿದ್ದೇನೆ. ಈ ನಗರದಲ್ಲಿ ನಮ್ಮ ಯಕ್ಷಗಾನದ ಪೆಟ್ಟಿಗೆಗಳೂ, ಚೆಂಡೆಗಳೂ, ವೇಷಧಾರಿಗಳೂ ಒಂದೆಡೆಯಿಂದ ಇನ್ನೊಂದೆಡೆಗೆ ಹೋಗುವುದು ಹೇಗೆ, ಮುಖ್ಯವಾಗಿ ಆಟ ಮುಗಿದ ಮೇಲೆ ಹಿಂದಿರುಗುವುದು ಹೇಗೆ, ಎಂಬುದೇ ಆ ವಿಷಯ.

ನನ್ನ ಅಧಿಕಾರವೇನೆಂದು ತಾವು ಕೇಳಬಹುದು. ನಾನು ವೇಷ ಕಟ್ಟಿದ್ದು ಎರಡೇ ಸಲ; ಎರಡೂ ಸಲ ದೂತನ ಪಾತ್ರ; ಎರಡನೆಯ ಸಲ ಹೇಳಬೇಕಾದ ಸುದ್ದಿಯನ್ನೇ ಮರೆತೆ. ಆ ತರುವಾಯ ತಂಡದವರು ನನ್ನನ್ನು ಕೋಶಾಧಿಕಾರಿಯನ್ನಾಗಿ ಮಾಡಿದರು. ಹನ್ನೊಂದು ವರ್ಷದಿಂದ ಅದೇ ಕೆಲಸದಲ್ಲಿದ್ದೇನೆ. ರಂಗದ ಮುಂದೆ ಕುಳಿತವರಿಗೆ ಭಾಗವತರ ಪದ ಕೇಳಿಸುತ್ತದೆ. ನನಗೆ ಕೇಳಿಸುವುದು ಹೊರಗೆ ನಿಂತ ಟೆಂಪೋದ ಇಂಜಿನು.

ಧಾರವಾಡ, ಮೈಸೂರು ಕಡೆಯ ಬಂಧುಗಳೂ ಇಲ್ಲಿರುವುದರಿಂದ ಒಂದೆರಡು ಮಾತು ವಿವರಿಸಬೇಕು. ಕರಾವಳಿಯ ಮೇಳಗಳು ದೀಪಾವಳಿಯ ಸುಮಾರಿಗೆ ಹೊರಟು, ಮೇ ತಿಂಗಳ ಕೊನೆಯಲ್ಲಿ ಬರುವ ಪತ್ತನಾಜೆಯ ಹೊತ್ತಿಗೆ ಗೆಜ್ಜೆ ಬಿಚ್ಚುತ್ತವೆ. ಹಿಂದಿನ ಕಾಲದಲ್ಲಿ ಮೇಳವೆಂದರೆ ನಡಿಗೆಯೇ. ಕಿರೀಟ, ಭುಜಕೀರ್ತಿ, ಎದೆಪದಕಗಳ ಪೆಟ್ಟಿಗೆಗಳನ್ನು ತಲೆಯ ಮೇಲೆ ಹೊತ್ತು, ಗದ್ದೆಯ ಬದುಗಳಲ್ಲಿ, ಹೊಳೆ ಬಂದಲ್ಲಿ ದೋಣಿಯಲ್ಲಿ, ಆಳುಗಳು ಮುಂದೆ ಹೋಗುವರು. ಕಲಾವಿದರು ಹಿಂದಿನಿಂದ ನಡೆದು ಬರುವರು. ಮೇಳದ ಲೆಕ್ಕದಲ್ಲಿ ಪೆಟ್ಟಿಗೆ ಹೊರುವವರಿಗೂ ಒಂದು ಸಾಲು ಇರುತ್ತಿತ್ತು. ಮಳೆಗಾಲದಲ್ಲಿ ಕಲಾವಿದರು ಬಿಡುವಾಗುವುದರಿಂದ ಸಣ್ಣ ಸಣ್ಣ ತಂಡ ಕಟ್ಟಿಕೊಂಡು ಮುಂಬಯಿಗೆ ಬರುವ ವಾಡಿಕೆ ಬಹಳ ದಿನಗಳಿಂದ ಇದೆ. ೧೯೯೮ರಲ್ಲಿ ಕೊಂಕಣ ರೈಲು ಪೂರ್ತಿಯಾಗಿ ತೆರೆದ ಮೇಲೆ ಆ ಪ್ರಯಾಣ ಸುಲಭವಾಯಿತು. ಅದಕ್ಕೆ ಮೊದಲು ಬೆಳಗಾವಿ ಕೊಲ್ಹಾಪುರಗಳ ದಾರಿಯಲ್ಲಿ ಬಸ್ಸಿನ ಮಾಡಿನ ಮೇಲೆ ಪೆಟ್ಟಿಗೆ ಕಟ್ಟಿ ಬರುತ್ತಿದ್ದರೆಂದು ಹಿರಿಯರು ಹೇಳುತ್ತಾರೆ.

ಆದರೆ ನಾನು ಹೇಳಹೊರಟಿರುವುದು ಬಂದುಹೋಗುವ ಆ ತಂಡಗಳ ಕಥೆಯನ್ನಲ್ಲ. ಇಲ್ಲಿಯೇ ಇದ್ದುಕೊಂಡು, ಹಗಲು ಹೋಟೆಲಿನಲ್ಲೋ ಕಚೇರಿಯಲ್ಲೋ ದುಡಿದು, ರಾತ್ರಿ ಗೆಜ್ಜೆ ಕಟ್ಟುವ ನಮ್ಮ ಹವ್ಯಾಸಿಗಳ ಕಥೆಯನ್ನು.

ಯಕ್ಷಗಾನ ರಾತ್ರಿಯಿಡೀ ಏಕೆ ನಡೆಯುತ್ತಿತ್ತೆಂಬುದಕ್ಕೆ ವಿದ್ವಾಂಸರು ಅನೇಕ ಕಾರಣಗಳನ್ನು ಕೊಡುವುದುಂಟು. ಕೋಶಾಧಿಕಾರಿಯಾದ ನನಗೆ ಒಂದೇ ಕಾರಣ ಕಾಣುತ್ತದೆ: ರಾತ್ರಿ ಮನೆಗೆ ಹೋಗುವುದು ಕಷ್ಟ, ಬೆಳಿಗ್ಗೆ ಹೋಗುವುದು ಸುಲಭ. ಊರಿನಲ್ಲಿ ಕಾಡುದಾರಿ, ಹಾವು, ಹೊಳೆ. ಬೆಳಗಾದರೆ ಹೆಂಗಸರೂ ಮಕ್ಕಳೂ ನಿರ್ಭಯವಾಗಿ ಗುಂಪುಗುಂಪಾಗಿ ಹೋಗಬಹುದು. ಈ ನಗರದಲ್ಲಿ ಹಾವಿಲ್ಲ. ಅದಕ್ಕೆ ಬದಲಾಗಿ ಲೋಕಲ್ ಗಾಡಿಯ ವೇಳಾಪಟ್ಟಿ ಇದೆ. ೧೮೫೩ರ ಏಪ್ರಿಲ್ ೧೬ರಂದು ಬೋರಿಬಂದರಿನಿಂದ ಠಾಣೆಗೆ ಮೊದಲ ರೈಲು ಹೊರಟಂದಿನಿಂದ ಈ ಊರು ಹಳಿಯ ಮಗ್ಗುಲಲ್ಲೇ ಬೆಳೆದು ಬಂದಿದೆ. ಗಾಡಿ ನಿಂತರೆ ಊರೂ ನಿಂತಂತೆ. ಸರಿಸುಮಾರು ರಾತ್ರಿ ಒಂದರಿಂದ ನಾಲ್ಕರ ವರೆಗೆ ಗಾಡಿಗಳಿಲ್ಲ. ಹಿಂದೆ ಶಾಲೆಯ ಅಂಗಳದಲ್ಲೋ ಮೈದಾನದಲ್ಲೋ ಆಟವಾದಾಗ ಹತ್ತಕ್ಕೆ ಚೌಕಿಪೂಜೆ ಮುಗಿಸಿ ರಂಗಕ್ಕೆ ಬಂದರೆ, ಮಂಗಳ ಹಾಡುವ ಹೊತ್ತಿಗೆ ನಾಲ್ಕು ದಾಟಿ ಮೊದಲನೆಯ ಗಾಡಿ ಹೊರಟಿರುತ್ತಿತ್ತು. ಪೆಟ್ಟಿಗೆಗಳಿಗೆ ಲಗೇಜು ಚೀಟಿ ಮಾಡಿಸಿ, ಮೀನು ತರಕಾರಿಯವರು ಏರುವ ಲಗೇಜು ಡಬ್ಬಿಯಲ್ಲಿ ಇಟ್ಟರಾಯಿತು. ನಿದ್ದೆಗೆಟ್ಟ ಪ್ರೇಕ್ಷಕರೂ ಅರ್ಧ ಬಣ್ಣ ಅಳಿಸಿದ ಅರ್ಜುನನೂ ಒಂದೇ ಗಾಡಿಯಲ್ಲಿ ಮನೆಗೆ ಹೋಗುವರು. ಇದಕ್ಕೆ ಯಾರ ಉಪಕಾರವೂ ಬೇಕಿರಲಿಲ್ಲ.

ಈ ವ್ಯವಸ್ಥೆ ಮುರಿದದ್ದು ಹೇಗೆಂದರೆ, ಮೊದಲು ನಮ್ಮ ಜನರ ಪುರುಸೊತ್ತು ಕಡಿಮೆಯಾಯಿತು. ಆಮೇಲೆ ಕಾನೂನು ಬಂತು. ೨೦೦೦ನೆಯ ಇಸವಿಯ ಶಬ್ದ ಮಾಲಿನ್ಯ ನಿಯಮಗಳ ಪ್ರಕಾರ ರಾತ್ರಿ ಹತ್ತರಿಂದ ಬೆಳಿಗ್ಗೆ ಆರರ ವರೆಗೆ ಬಯಲಿನಲ್ಲಿ ಧ್ವನಿವರ್ಧಕ ಕೂಡದು. ಹಬ್ಬಹರಿದಿನಗಳೆಂದು ವರ್ಷಕ್ಕೆ ಹೆಚ್ಚೆಂದರೆ ಹದಿನೈದು ದಿನ ಹನ್ನೆರಡರ ತನಕ ವಿನಾಯಿತಿ ಕೊಡುವ ಅಧಿಕಾರ ಸರಕಾರಕ್ಕಿದೆ. ೨೦೦೫ರಲ್ಲಿ ಸುಪ್ರೀಂ ಕೋರ್ಟು ಈ ಕಟ್ಟಳೆಯನ್ನು ಎತ್ತಿಹಿಡಿಯಿತು. ನಾನು ಇದನ್ನು ದೂರುವವನಲ್ಲ. ಪರೀಕ್ಷೆಗೆ ಓದುವ ಮಕ್ಕಳೂ, ಹಾಸಿಗೆ ಹಿಡಿದವರೂ ನಮ್ಮ ಚೆಂಡೆಯ ನೆರೆಯಲ್ಲೇ ಇರುತ್ತಾರೆ. ಆದರೆ ಪರಿಣಾಮವನ್ನು ನೋಡಿ. ಆಟ ಮೂರು ಮೂರೂವರೆ ಗಂಟೆಗೆ ಇಳಿಯಿತು. ಸಭಾಗೃಹದೊಳಗೆ ಆಡಿದರೂ ಬಾಡಿಗೆಯ ಅವಧಿ ಮುಗಿಯುತ್ತಲೇ ದೀಪ ಆರಿಸುತ್ತಾರೆ. ಹನ್ನೊಂದರ ಸುಮಾರಿಗೆ ಮಂಗಳ. ಪ್ರೇಕ್ಷಕರು ಕೂಡಲೆ ಹೊರಟುಹೋಗುತ್ತಾರೆ. ವೇಷಧಾರಿಯೋ? ಕಿರೀಟದ ಕಟ್ಟು ಬಿಚ್ಚಬೇಕು, ಸೊಂಟಕ್ಕೆ ಸುತ್ತಿದ ಬಟ್ಟೆಗಳನ್ನು ಬಿಡಿಸಬೇಕು, ಕೊಬ್ಬರಿ ಎಣ್ಣೆ ಹಚ್ಚಿ ಮುಖದ ಬಣ್ಣ ತೆಗೆಯಬೇಕು, ಆಭರಣಗಳನ್ನು ಎಣಿಸಿ ಪೆಟ್ಟಿಗೆಗೆ ತುಂಬಬೇಕು. ಒಂದು ಗಂಟೆಗೆ ಕಡಮೆಯಾಗದು. ಹೊರಗೆ ಬಂದು ನೋಡಿದರೆ ಕೊನೆಯ ಗಾಡಿ ಹೋಗಿರುತ್ತದೆ, ಮೊದಲ ಗಾಡಿ ಬಂದಿರುವುದಿಲ್ಲ. ಹೀಗೆ ಮೊದಲು ಇಲ್ಲದಿದ್ದ ಒಂದು ಪ್ರಶ್ನೆ ನಮ್ಮ ಕೊರಳಿಗೆ ಬಿತ್ತು.

ಇದಕ್ಕೆ ಉತ್ತರವಾಗಿ ಒದಗಿದ್ದು ಹೋಟೆಲಿನ ಟೆಂಪೋ.

ಮಾಟುಂಗಾ ಸ್ಟೇಶನ್ನಿನ ಎದುರು ೧೯೪೨ರಲ್ಲಿ ರಾಮ ನಾಯಕರು ಊಟದ ಮನೆ ತೆರೆದದ್ದು ತಮಗೆಲ್ಲ ತಿಳಿದ ಸಂಗತಿ. ಅಂಥ ನೂರಾರು ಉಡುಪಿ ಹೋಟೆಲುಗಳು ಈ ನಗರದ ಕನ್ನಡಿಗರಿಗೆ ಅನ್ನ ಕೊಟ್ಟವು, ರಾತ್ರಿಶಾಲೆಗಳಿಗೆ ವಿದ್ಯಾರ್ಥಿಗಳನ್ನು ಕೊಟ್ಟವು. ಸಂಘಗಳಿಗೆ ಜಾಹೀರಾತು ಕೊಟ್ಟವು. ಅವು ಯಕ್ಷಗಾನಕ್ಕೆ ವಾಹನವನ್ನೂ ಕೊಟ್ಟಿವೆಯೆಂಬುದನ್ನು ಮಾತ್ರ ಯಾವ ಸ್ಮರಣ ಸಂಚಿಕೆಯಲ್ಲೂ ನಾನು ಕಂಡಿಲ್ಲ. ತರಕಾರಿ ತರಲೆಂದು ಹೋಟೆಲಿನವರು ಇಟ್ಟುಕೊಂಡಿರುವ ಸಣ್ಣ ಸರಕುಗಾಡಿ ರಾತ್ರಿ ಹನ್ನೊಂದಕ್ಕೆ ಬಾಗಿಲು ಹಾಕಿದ ಮೇಲೆ ಸುಮ್ಮನೆ ನಿಂತಿರುತ್ತದೆ. ಬೆಳಗಿನ ಜಾವ ವಾಶಿಯ ಸಗಟು ಮಾರುಕಟ್ಟೆಗೆ ಹೊರಡಬೇಕು. ಈ ಎರಡರ ನಡುವಿನ ನಾಲ್ಕು ಗಂಟೆ ಕಲೆಗೆ ಸಲ್ಲುತ್ತದೆ. ಮಾಲಿಕರು ಕೇಳುವುದಿಷ್ಟೇ: ಡೀಸೆಲು ತುಂಬಿಸಿ ಕೊಡಿ, ಮೂರೂವರೆಗೆ ಗಾಡಿ ಹಿಂದೆ ಬರಲಿ. ನಮ್ಮ ದ್ರೌಪದಿಯ ಸೀರೆಗೆ ಎಷ್ಟು ಒಗೆದರೂ ಈರುಳ್ಳಿಯ ವಾಸನೆ ಹೋಗುವುದಿಲ್ಲವೆಂದು ಆ ಪಾತ್ರಧಾರಿ ನನ್ನಲ್ಲಿ ಲಿಖಿತ ದೂರು ಕೊಟ್ಟಿದ್ದಾರೆ. ಅದನ್ನು ಕಡತದಲ್ಲಿ ಸೇರಿಸಿದ್ದೇನೆ.

ಈ ಟೆಂಪೋಗೆ ಬರೆಯದ ನಿಯಮಗಳಿವೆ. ಮುಂದೆ ಚಾಲಕನ ಪಕ್ಕದ ಸ್ಥಳ ಭಾಗವತರದ್ದು. ಅವರ ಗಂಟಲಿಗೆ ಗಾಳಿ ತಾಗಬಾರದು. ಚೆಂಡೆ ಮದ್ದಲೆಗಳು ಅವರವರ ತೊಡೆಯ ಮೇಲೆ. ಜುಲೈ ತಿಂಗಳಲ್ಲಿ ತೊಗಲಿಗೆ ತೇವ ತಗುಲಿದರೆ ನಾದ ಸತ್ತುಹೋಗುತ್ತದೆ. ಕಿರೀಟದ ಪೆಟ್ಟಿಗೆಯ ಮೇಲೆ ಯಾರೂ ಕೂಡತಕ್ಕದ್ದಲ್ಲ. ಬಟ್ಟೆಯ ಪೆಟ್ಟಿಗೆಯ ಮೇಲೆ ಕೂಡಬಹುದು. ಕೊನೆಗೆ ಇಳಿಯುವವನು ಮೊದಲು ಹತ್ತಬೇಕು. ಈ ಕೊನೆಯ ನಿಯಮವನ್ನು ಪಾಲಿಸಿದ ದಿನವನ್ನು ನಾನು ಕಂಡಿಲ್ಲ. ಭಾಂಡುಪಿನವನು ಒಳಗೆ, ಡೊಂಬಿವಲಿಯವನು ಬಾಗಿಲಲ್ಲಿ. ಭಾಂಡುಪು ಬಂದಾಗ ಇಡೀ ಕೌರವ ಸೇನೆ ರಸ್ತೆಗೆ ಇಳಿದು ಮತ್ತೆ ಹತ್ತಬೇಕು. ರಿಕ್ಷಾ ಹಿಡಿಯಬಾರದೇ ಎಂದು ಕೇಳುವವರಿದ್ದಾರೆ. ಮಾಹಿಮ್ ಸಯನ್‌ಗಳಿಂದ ದಕ್ಷಿಣಕ್ಕೆ ರಿಕ್ಷಾಗಳಿಗೆ ಪ್ರವೇಶವಿಲ್ಲ. ಮೊಬೈಲಿನಲ್ಲಿ ಕರೆಯುವ ಟ್ಯಾಕ್ಸಿಯವನೋ, ಪೆಟ್ಟಿಗೆಯನ್ನು ಕಂಡೊಡನೆ ಸವಾರಿ ರದ್ದುಮಾಡಿ ಹೋಗುತ್ತಾನೆ. ಮಳೆಯ ರಾತ್ರಿಯಲ್ಲಿ ಅವನು ಹೇಳುವ ದರವನ್ನು ಕೇಳಿದರೆ ಬ್ಯಾಂಕಿನವನಾದ ನನಗೂ ಎದೆ ನಡುಗುತ್ತದೆ.

ಟೆಂಪೋದಲ್ಲಿ ನಡೆಯುವ ಸಂಭಾಷಣೆಯೇ ಒಂದು ಬೇರೆ ಆಟ. ರಂಗದಲ್ಲಿ ತಪ್ಪಿದ ತಾಳದ ವಿಚಾರಣೆ ಅಲ್ಲಿ ನಡೆಯುತ್ತದೆ. ಹೊಸ ಹುಡುಗರು ಪದಗಳನ್ನು ಕಲಿಯುವುದು ತರಗತಿಗಿಂತ ಹೆಚ್ಚಾಗಿ ಅಲ್ಲಿ, ಕತ್ತಲಲ್ಲಿ, ಪೆಟ್ಟಿಗೆಯ ಮೇಲೆ ಬೆರಳು ಬಡಿಯುತ್ತ. ೧೯೫೬ರ ನವೆಂಬರ್ ಒಂದರಂದು ಕನ್ನಡ ನಾಡುಗಳು ಒಂದಾದದ್ದನ್ನು ನಾವು ಪ್ರತಿ ವರ್ಷ ನೆನೆಯುತ್ತೇವೆ. ಕುಂದಾಪುರದವನ ತೊಡೆಯ ಮೇಲೆ ಹುಬ್ಬಳ್ಳಿಯವನು ಮಲಗಿ, ಅವನ ಕಾಲ ಮೇಲೆ ಕಾಸರಗೋಡಿನವನು ಕುಳಿತು ಹೋಗುವ ಏಕೀಕರಣವನ್ನು ಘಾಟಕೋಪರದ ಸೇತುವೆಯ ಮೇಲೆ ನಾನು ಎಷ್ಟೋ ಸಲ ಕಂಡಿದ್ದೇನೆ.

ಇನ್ನು ಕಾನೂನಿನ ಮಾತು. ಇದನ್ನು ಹೇಳದೆ ಹೋದರೆ ತಮ್ಮನ್ನು ನಗಿಸಿ ಕಳಿಸಿದಂತಾಗುವುದೇ ಹೊರತು ಬೇರೇನಿಲ್ಲ. ಸರಕುಗಾಡಿಯಲ್ಲಿ ಜನರನ್ನು ಕೂರಿಸಿಕೊಂಡು ಹೋಗುವುದು ೧೯೮೮ರ ಮೋಟಾರು ವಾಹನ ಕಾಯಿದೆಗೆ ಒಪ್ಪುವ ಸಂಗತಿಯಲ್ಲ. ದಂಡದ ಮಾತು ಹಾಗಿರಲಿ, ವಿಮೆಯ ಮಾತು ದೊಡ್ಡದು. ಸರಕುಗಾಡಿಯಲ್ಲಿ ಪುಕ್ಕಟೆ ಕುಳಿತವರಿಗೆ ಅಪಘಾತವಾದರೆ ವಿಮಾ ಕಂಪೆನಿ ಪರಿಹಾರ ಕೊಡಬೇಕಾದ ಕಟ್ಟುಪಾಡು ಇಲ್ಲವೆಂದು ೨೦೦೨ರಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ೧೯೯೪ರ ತಿದ್ದುಪಡಿಯ ಬಳಿಕ, ಸರಕಿನ ಒಡೆಯ ಅಥವಾ ಅವನ ಪ್ರತಿನಿಧಿ ಸರಕಿನೊಂದಿಗೆ ಹೋಗುತ್ತಿದ್ದರೆ ಅವನಿಗೆ ಮಾತ್ರ ರಕ್ಷಣೆಯುಂಟು. ಇದನ್ನು ನಾನು ತಂಡದ ಸಭೆಯಲ್ಲಿ ಓದಿ ಹೇಳಿದಾಗ, ರಾವಣನ ಕಿರೀಟಕ್ಕೆ ತಾವೇ ಒಡೆಯರೆಂದು ಎಂಟು ಮಂದಿ ಕೈ ಎತ್ತಿದರು. ನಾನೂ ನಕ್ಕೆ. ಆ ವಾರವೇ ರಾತ್ರಿ ಒಂದೂವರೆಗೆ ಹೆದ್ದಾರಿಯಲ್ಲಿ ಒಬ್ಬ ಪೋಲೀಸ್ ಅಧಿಕಾರಿ ನಮ್ಮ ಗಾಡಿ ನಿಲ್ಲಿಸಿ ಹಿಂಬಾಗಿಲು ತೆರೆಸಿದರು. ಕೈದೀಪದ ಬೆಳಕು ಮೊದಲು ಬಿದ್ದದ್ದು ಹುಬ್ಬಿನ ಕಪ್ಪು ಅಳಿಯದಿದ್ದ ನಮ್ಮ ಮಹಿಷಾಸುರನ ಮೇಲೆ. ಅವರು ಒಂದು ಹೆಜ್ಜೆ ಹಿಂದೆ ಸರಿದರು. ಬಳಿಕ ಎಲ್ಲವನ್ನೂ ಕೇಳಿ, ತಮ್ಮ ತಂದೆ ಊರಿನ ದಶಾವತಾರದಲ್ಲಿ ವೇಷ ಕಟ್ಟುತ್ತಿದ್ದರೆಂದು ಮರಾಠಿಯಲ್ಲಿ ಹೇಳಿ, "ಆಟ ಆಡಿ, ಆದರೆ ಹೀಗೆ ಹೋಗಿ ಸಾಯಬೇಡಿ" ಎಂದು ಬಿಟ್ಟುಕೊಟ್ಟರು. ಮುಂದಿನ ಮೂರು ಮೈಲಿ ಗಾಡಿಯಲ್ಲಿ ಯಾರೂ ಮಾತಾಡಲಿಲ್ಲ.

ಈಗ ನಾನು ಹೇಳಲು ಹಿಂಜರಿಯುವ ಒಂದು ಸಂಗತಿಗೆ ಬಂದೆ. ಅದು ನನ್ನದೇ ತಪ್ಪಿನ ಕಥೆ.

ನಮ್ಮ ತಂಡದಲ್ಲಿ ಒಬ್ಬ ಮದ್ದಲೆಗಾರರಿದ್ದರು. ಅರುವತ್ತು ದಾಟಿದವರು, ಹೋಟೆಲಿನ ಗಲ್ಲೆಯಲ್ಲಿ ದುಡಿದು ನಿವೃತ್ತರಾಗಿ ಬದಲಾಪುರದಲ್ಲಿ ಮಗನ ಮನೆಯಲ್ಲಿದ್ದರು. ಗೋರೆಗಾಂವಿನಲ್ಲಿ ಆಟ. ಗೋರೆಗಾಂವಿನಿಂದ ಬದಲಾಪುರಕ್ಕೆ ಹೋಗಬೇಕಾದರೆ ಪಶ್ಚಿಮ ರೈಲ್ವೆಯಲ್ಲಿ ದಾದರಿಗೆ ಬಂದು ಮಧ್ಯ ರೈಲ್ವೆಗೆ ದಾಟಬೇಕು. ಅಂದು ಟೆಂಪೋ ಮುಲುಂಡಿನ ವರೆಗೆ ಮಾತ್ರ. ಆಟ ಮುಗಿಯುತ್ತಲೇ ಅವರು ನನ್ನ ಬಳಿ ಬಂದು, "ಮಾರಾಯರೇ, ನನಗೊಂದು ಟ್ಯಾಕ್ಸಿ ಆದೀತೋ?" ಎಂದು ಕೇಳಿದರು. ಅವರು ಏನನ್ನಾದರೂ ಕೇಳಿದ್ದನ್ನು ನಾನು ಅಂದೇ ಮೊದಲು ಕಂಡದ್ದು. ನಾನು ಮನಸ್ಸಿನಲ್ಲೇ ಲೆಕ್ಕ ಹಾಕಿದೆ: ಸಾವಿರದ ನಾನೂರು ರೂಪಾಯಿ. ಆ ವರ್ಷ ಸಭಾಗೃಹದ ಬಾಡಿಗೆ ಏರಿತ್ತು. "ದಾದರಿನಲ್ಲಿ ಕರ್ಜತ್ ಗಾಡಿ ಸಿಗುತ್ತದೆ, ಬೇಗ ಹೊರಡಿ" ಎಂದೆ. ಅವರು ಹೊರಟರು. ಗಾಡಿ ಸಿಗಲಿಲ್ಲ. ಮಳೆ ಬರುತ್ತಿದ್ದ ಆ ರಾತ್ರಿ ತಮ್ಮ ಹೊದಿಕೆಯನ್ನು ಮದ್ದಲೆಗೆ ಸುತ್ತಿ, ದಾದರಿನ ಪ್ಲಾಟ್‌ಫಾರ್ಮಿನಲ್ಲಿ ನಾಲ್ಕರ ತನಕ ಕುಳಿತಿದ್ದರಂತೆ. ಇದು ನನಗೆ ತಿಳಿದದ್ದು ಹತ್ತು ದಿನಗಳ ಮೇಲೆ, ಅವರ ಮಗನಿಂದ. ಆಗ ಅವರು ಜ್ವರದಿಂದ ಮಲಗಿದ್ದರು. ನಾನು ನೋಡಲು ಹೋದೆ. ಒಂದು ಮಾತು ಬಯ್ಯಲಿಲ್ಲ. ಚಹಾ ಕೊಡಿಸಿ, ತಂಡದ ಮುಂದಿನ ಪ್ರಸಂಗ ಯಾವುದೆಂದು ಕೇಳಿದರು. ಹೇಳಿದೆ. "ಆಗಲಿ, ಹುಡುಗನೊಬ್ಬನಿದ್ದಾನೆ, ಅವನಿಂದ ಬಾರಿಸಿರಿ" ಎಂದರು. ಆಮೇಲೆ ಬರಲಿಲ್ಲ.

ಆ ವರ್ಷದ ಮಹಾಸಭೆಯಲ್ಲಿ ಲೆಕ್ಕಪರಿಶೋಧಕರು ಸಾಗಾಟದ ವೆಚ್ಚದಲ್ಲಿ ಗಮನಾರ್ಹ ಉಳಿತಾಯವಾಗಿದೆಯೆಂದು ಕೋಶಾಧಿಕಾರಿಯನ್ನು ಅಭಿನಂದಿಸಿದರು. ಚಪ್ಪಾಳೆಯೂ ಆಯಿತು. ಆ ವರದಿಯ ಪ್ರತಿ ನನ್ನ ಮೇಜಿನ ಖಾನೆಯಲ್ಲಿದೆ.

ಹೆಂಗಸರ ವಿಷಯ ಇನ್ನೂ ಸೂಕ್ಷ್ಮವಾದದ್ದು. ಈಗ ಮುಂಬಯಿಯಲ್ಲಿ ಮಹಿಳೆಯರ ತಂಡಗಳೇ ಇವೆ. ನಮ್ಮಲ್ಲಿಯೂ ನಾಲ್ವರಿದ್ದಾರೆ, ಒಬ್ಬರಂತೂ ಭೀಮನ ವೇಷದಲ್ಲಿ ಗಂಡಸರನ್ನು ನಾಚಿಸುತ್ತಾರೆ. ಹೊಸ ಪ್ರಸಂಗ ಹೇಳಿದಾಗ ಗಂಡಸರು "ನನಗೆ ಯಾವ ಪಾತ್ರ?" ಎಂದು ಕೇಳಿದರೆ, ಅವರು ಕೇಳುವುದು "ನನ್ನನ್ನು ಮನೆಗೆ ಬಿಡುವವರು ಯಾರು?" ಎಂದು. ಇದಕ್ಕೆ ಸರಿಯಾದ ಉತ್ತರ ಸಿಗದೆ ಇಬ್ಬರು ಒಳ್ಳೆಯ ಕಲಾವಿದೆಯರನ್ನು ನಾವು ಕಳೆದುಕೊಂಡಿದ್ದೇವೆ. ಆ ಇಬ್ಬರೂ ಕುಣಿತದಲ್ಲಿ ಸೋತವರಲ್ಲ.

ಈ ಕಷ್ಟ ನಮಗೊಬ್ಬರಿಗೇ ಎಂದು ನಾನು ತಿಳಿದಿದ್ದೆ. ನನ್ನ ಸಹೋದ್ಯೋಗಿಯೊಬ್ಬರ ಮಗ ಅಂಧೇರಿಯ ಕಡೆ ಗೆಳೆಯರೊಂದಿಗೆ ಪಾಶ್ಚಾತ್ಯ ರೀತಿಯ ಸಂಗೀತ ಬಾರಿಸುತ್ತಾನೆ. ದೊಡ್ಡ ಕಂಪೆನಿಗಳ ಹಂಗಿಲ್ಲದೆ, ಗೋದಾಮಿನಂಥ ಕೋಣೆಗಳಲ್ಲಿ, ಬಾಯಿಮಾತಿನಿಂದ ಸುದ್ದಿ ಹರಡಿಸಿ ನಡೆಸುವ ಕೂಟಗಳು. ಅವನ ಡ್ರಮ್ಮುಗಳನ್ನು ಒಯ್ಯುವುದು ಗೆಳೆಯನೊಬ್ಬನ ಹಳೆಯ ವ್ಯಾನು. ಪೆಟ್ರೋಲಿಗೆ ತಲೆಗಿಷ್ಟೆಂದು ವಂತಿಗೆ. ಹುಡುಗಿಯರನ್ನು ಮೊದಲು ಮನೆಗೆ ಬಿಡಬೇಕೆಂಬ ಕಟ್ಟಳೆ. ಅಮೆರಿಕದಲ್ಲಿ ೧೯೬೪ರಲ್ಲಿ ಕೆನ್ ಕೀಸಿ ಎಂಬ ಕಾದಂಬರಿಕಾರ ೧೯೩೯ರ ಹಳೆಯ ಶಾಲಾ ಬಸ್ಸೊಂದಕ್ಕೆ ಕಂಡಕಂಡ ಬಣ್ಣ ಬಳಿದು ಗೆಳೆಯರ ತಂಡವನ್ನು ತುಂಬಿಕೊಂಡು ಕ್ಯಾಲಿಫೋರ್ನಿಯದಿಂದ ನ್ಯೂಯಾರ್ಕಿಗೆ ಹೋದನೆಂದು ಆ ಹುಡುಗನೇ ನನಗೆ ಹೇಳಿದ. ಆ ಬಸ್ಸು ಇಂದಿಗೂ ಪ್ರಸಿದ್ಧವಂತೆ. ನಮ್ಮ ಗುಬ್ಬಿ ಕಂಪೆನಿ ಆನೆಯನ್ನೇ ರಂಗಕ್ಕೆ ತಂದದ್ದನ್ನು ಎಲ್ಲರೂ ಹೇಳುತ್ತಾರೆ. ಅದನ್ನು ಊರಿಂದೂರಿಗೆ ತಂದ ಮಾವುತನನ್ನು ನೆನೆದವರು ಕಡಮೆ. ಆ ಹುಡುಗನೂ ನಾನೂ ಒಂದು ಸಂಜೆ ಚಹಾ ಕುಡಿಯುತ್ತ, ಡ್ರಮ್ಮಿನ ಪೆಟ್ಟಿಗೆ ಭಾರವೋ ಬಣ್ಣದ ವೇಷದ ಕಿರೀಟದ ಪೆಟ್ಟಿಗೆ ಭಾರವೋ ಎಂದು ಚರ್ಚಿಸಿದೆವು. ಅವನು ಸೋಲೊಪ್ಪಲಿಲ್ಲ.

ಉಡುಪಿ ಹೋಟೆಲುಗಳು ಒಂದೊಂದಾಗಿ ಕೈ ಬದಲಾಗುತ್ತಿರುವುದನ್ನು ತಾವು ಕಾಣುತ್ತಿದ್ದೀರಿ. ಮಕ್ಕಳು ಇಂಜಿನಿಯರುಗಳಾಗಿದ್ದಾರೆ, ಸಂತೋಷ. ತರಕಾರಿಯನ್ನು ಈಗ ಬೇರೊಬ್ಬ ಗುತ್ತಿಗೆದಾರ ತಂದುಕೊಡುತ್ತಾನೆ. ಹೋಟೆಲಿನಲ್ಲಿ ಟೆಂಪೋವೇ ಇಲ್ಲ. ನಮಗೆ ಗಾಡಿ ಕೊಡುತ್ತಿದ್ದ ಮೂವರು ಮಾಲಿಕರಲ್ಲಿ ಈಗ ಉಳಿದವರು ಒಬ್ಬರು. ನಮ್ಮ ಕರಾವಳಿಯಲ್ಲಿ ಹುಟ್ಟಿದ ಬ್ಯಾಂಕುಗಳಲ್ಲಿಯೂ ವಿಜಯಾ ಬ್ಯಾಂಕು ೨೦೧೯ರಲ್ಲಿ, ಸಿಂಡಿಕೇಟ್ ಮತ್ತು ಕಾರ್ಪೊರೇಶನ್ ಬ್ಯಾಂಕುಗಳು ೨೦೨೦ರಲ್ಲಿ ಬೇರೆ ಬ್ಯಾಂಕುಗಳಲ್ಲಿ ವಿಲೀನವಾದವು. ಆದ್ದರಿಂದ ಜಾಹೀರಾತಿಗೆ ತಟ್ಟುವ ಬಾಗಿಲುಗಳೂ ಕಡಮೆ. ಉಪಕಾರವನ್ನೇ ನಂಬಿ ಸಾಗಿದ ಕಾಲ ಮುಗಿಯುತ್ತ ಬಂದಿದೆಯೆಂದು ನನ್ನ ಅಂದಾಜು. ಹಳಬರು ಇದನ್ನು ಒಪ್ಪುವುದಿಲ್ಲ. "ದುಡ್ಡು ಕೊಟ್ಟು ಹೋದರೆ ಅದು ಸವಾರಿ, ನಮ್ಮ ಗಾಡಿಯಲ್ಲಿ ಹೋದರೆ ಅದು ಮೇಳ" ಎಂದು ನಮ್ಮ ಭಾಗವತರು ವಾದಿಸುತ್ತಾರೆ. ಅವರ ಮಾತಿನಲ್ಲಿ ಸತ್ಯವಿದೆ. ಆದರೆ ಅವರು ಮುಂದಿನ ಸೀಟಿನಲ್ಲಿ ಕೂಡುವವರು.

ಕಳೆದ ವರ್ಷದಿಂದ ನಾನು ಲೆಕ್ಕದ ಪುಸ್ತಕದಲ್ಲಿ ಹೊಸ ಶೀರ್ಷಿಕೆ ತೆರೆದಿದ್ದೇನೆ. ಪ್ರಸಂಗ ನಿಶ್ಚಯವಾದ ದಿನವೇ, ಸಭಾಗೃಹಕ್ಕೂ ಮೊದಲು, ಮನೆ ಮುಟ್ಟಿಸುವ ಹಣವನ್ನು ತೆಗೆದಿಡುವುದು. ಪೆಟ್ಟಿಗೆಗಳು ಸರಕುಗಾಡಿಯಲ್ಲಿ, ಜೊತೆಗೆ ಒಬ್ಬನೇ ಮನುಷ್ಯ. ಅವನ ಕೈಯಲ್ಲಿ ನಮ್ಮ ಮೊಹರು ಹಾಕಿದ ಚೀಟಿ, ಕಿರೀಟಗಳ ಪ್ರತಿನಿಧಿಯೆಂದು. ಮಂದಿ ಹನ್ನೆರಡು ಸೀಟಿನ ಪರವಾನಿಗೆಯ ಬಾಡಿಗೆ ಗಾಡಿಯಲ್ಲಿ. ಹಣ ಸಾಲದೆ ಎರಡು ಆಟ ಕಡಿಮೆಯಾಯಿತು. ಇದಕ್ಕಾಗಿ ನನ್ನನ್ನು ಬಯ್ದವರಿದ್ದಾರೆ, ಮುಂದೆಯೂ ಬಯ್ಯುವರು. ಒಬ್ಬರಂತೂ, ಟ್ಯಾಕ್ಸಿಗಾಗಿ ಆಟ ನಿಲ್ಲಿಸಿದ ಮೊದಲ ಕೋಶಾಧಿಕಾರಿ ನೀನೇ ಎಂದರು. ಬಿಟ್ಟುಹೋಗಿದ್ದ ಇಬ್ಬರು ಕಲಾವಿದೆಯರಲ್ಲಿ ಒಬ್ಬರು ಹಿಂದೆ ಬಂದಿದ್ದಾರೆ. ಬದಲಾಪುರಕ್ಕೂ ಎರಡು ಸಲ ಹೋಗಿ ಬಂದೆ. ಮದ್ದಲೆ ಗೋಡೆಯಲ್ಲಿ ತೂಗಿದೆ; ತೊಗಲಿಗೆ ಹೊಸ ಕರಣೆ ಹಾಕಿಸಿದ್ದಾರೆ. ಬರುವೆನೆಂದೂ ಹೇಳಿಲ್ಲ, ಬಾರೆನೆಂದೂ ಹೇಳಿಲ್ಲ.

ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ. ಈ ಸಭೆಯ ಬಳಿಕ ಇದೇ ವೇದಿಕೆಯಲ್ಲಿ ನಮ್ಮವರ ಒಂದೂವರೆ ಗಂಟೆಯ ಆಟವಿರುವುದು ತಮಗೆ ಗೊತ್ತಿದೆ. ಗಾಡಿ ಹನ್ನೊಂದೂಕಾಲಕ್ಕೆ ಹಿಂಬಾಗಿಲಿಗೆ ಬರುತ್ತದೆ. ಘಾಟಕೋಪರ, ಭಾಂಡುಪು, ಮುಲುಂಡು, ಠಾಣೆ, ಡೊಂಬಿವಲಿ. ಮೂರು ಸ್ಥಳ ಖಾಲಿ ಇವೆ. ಬೇಕಾದವರು ಆಟ ಆರಂಭವಾಗುವ ಮುಂಚೆ ನನ್ನಲ್ಲಿ ಹೆಸರು ಬರೆಸತಕ್ಕದ್ದು. ಡೊಂಬಿವಲಿಯವರು ಮೊದಲು ಹತ್ತಬೇಕು.